ದಕ್ಷಿಣ ಕಾಣದ ಚಿತ್ರ

– ಮಾವ, ನೀವು ಬರೆದುಕೊಟ್ಟ ಪಟ್ಟಿ ನೋಡಿದೆ. 1973, 1983, 1992, ಆಮೇಲೆ ಒಂದೇ ಸಲ 2023. ಇದೇನು ಸಿನಿಮಾ ಪಟ್ಟಿಯೋ, ಜನಗಣತಿಯ ಪಟ್ಟಿಯೋ?

– ಜನಗಣತಿ ಹತ್ತು ವರ್ಷಕ್ಕೊಮ್ಮೆ ಬರಬೇಕು. ಈಚೆಗೆ ಅದೂ ತಪ್ಪಿತು ಬಿಡು. ಈ ಮನುಷ್ಯನಂತೂ ಮೂರನೆಯ ಚಿತ್ರ ಮುಗಿಸಿ ನಾಲ್ಕನೆಯದಕ್ಕೆ ಮೂವತ್ತೊಂದು ವರ್ಷ ಕಾಯಿಸಿದ.

– ಅಷ್ಟರಲ್ಲಿ ನಾನು ಹುಟ್ಟಿ, ಓದಿ, ಎಡಿಟಿಂಗ್ ಕಲಿತು, ಎರಡು ಕಡೆ ಕೆಲಸ ಬಿಟ್ಟಾಯಿತು. ನಿಜ ಹೇಳಿ, ಐವತ್ತು ವರ್ಷದಲ್ಲಿ ನಾಲ್ಕು ಚಿತ್ರ ಮಾಡಿದವರನ್ನು ನಿರ್ದೇಶಕ ಅಂತ ಕರೆಯುವುದು ಹೇಗೆ? ನಮ್ಮ ಆಫೀಸಿನಲ್ಲಿ ವಾರಕ್ಕೆ ನಾಲ್ಕು ಎಪಿಸೋಡ್ ಕಟ್ ಮಾಡಿ ಕಳಿಸ್ತೀವಿ.

– ಕಳಿಸಿದ್ದರಲ್ಲಿ ಒಂದಾದರೂ ನೆನಪಿದೆಯಾ?

– ಅದು ಚುಚ್ಚುಮಾತು. ಇರಲಿ. ಮೊದಲು ಹೆಸರು ಸರಿಮಾಡಿಕೊಳ್ಳೋಣ. ಎರಿಸೆಯೋ, ಎರೈಸೋ?

– ವಿಕ್ಟರ್ ಎರಿಸೆ. ಮ್ಯಾಡ್ರಿಡ್ ಕಡೆಯವರು ನಾಲಿಗೆಯ ತುದಿಯನ್ನು ಹಲ್ಲಿಗೆ ತಾಗಿಸಿ ‘ಎರೀಥೆ’ ಅನ್ನುತ್ತಾರೆ. ನಮ್ಮ ಫಿಲಂ ಸೊಸೈಟಿಯ ಕರಪತ್ರದಲ್ಲಿ ‘ಎರೈಸ್’ ಅಂತಲೇ ಅಚ್ಚಾಗಿತ್ತು. ಯಾರೂ ತಕರಾರು ತೆಗೆಯಲಿಲ್ಲ, ಯಾಕೆಂದರೆ ಅವತ್ತು ಬಂದಿದ್ದವರೇ ಹದಿನೇಳು ಜನ. ಮಧ್ಯಂತರಕ್ಕೆ ಒಂಬತ್ತಾದರು. ರೀಲಿನ ಡಬ್ಬಗಳನ್ನು ಬಸ್‌ಸ್ಟ್ಯಾಂಡಿನಿಂದ ಹೊತ್ತು ತಂದವನು ನಾನು. ಎದ್ದು ಹೋಗುವ ಸ್ವಾತಂತ್ರ್ಯ ನನಗಿರಲಿಲ್ಲ.

– ನೋಡಿದ್ದು ‘ಸ್ಪಿರಿಟ್ ಆಫ್ ದಿ ಬೀಹೈವ್’ ತಾನೆ? ನಿನ್ನೆ ರಾತ್ರಿ ನಾನೂ ನೋಡಿದೆ. ಮೊದಮೊದಲು ಮೊಬೈಲಿನ ಕಡೆ ಕೈ ಹೋಗುತ್ತಿತ್ತು, ಸುಳ್ಳು ಹೇಳಲ್ಲ. ಆಮೇಲೆ ಆ ಪುಟ್ಟ ಹುಡುಗಿ ಸಿನಿಮಾ ನೋಡುವ ದೃಶ್ಯ ಬಂತು. ಅಲ್ಲಿಂದ ಕೈ ಮಡಿಲಿನಲ್ಲೇ ಇತ್ತು.

– ಅನಾ ತೊರೆಂಟ್. ಆಗ ಆರೇಳು ವರ್ಷ ಇದ್ದಿರಬೇಕು. ಕತೆ ನಡೆಯುವುದು 1940ರಲ್ಲಿ, ಸ್ಪೇನಿನ ಅಂತರ್ಯುದ್ಧ ಮುಗಿದ ಮರುವರ್ಷ. ಎರಿಸೆ ಹುಟ್ಟಿದ್ದೂ ಅದೇ ವರ್ಷ, ಬಾಸ್ಕ್ ನಾಡಿನ ಕರ್ರಾನ್ಸಾದಲ್ಲಿ. ಬೆಳೆದದ್ದು ಸಾನ್ ಸೆಬಾಸ್ಟಿಯನ್ ಎಂಬ ಕಡಲ ತೀರದ ಊರಲ್ಲಿ. ಆಮೇಲೆ ಮ್ಯಾಡ್ರಿಡ್‌ನ ಸರ್ಕಾರಿ ಸಿನಿಮಾ ಶಾಲೆ, ಪತ್ರಿಕೆಗೆ ವಿಮರ್ಶೆ, 1969ರಲ್ಲಿ ಮೂರು ಕಂತಿನ ಚಿತ್ರವೊಂದರಲ್ಲಿ ಒಂದು ಕಂತು. ಅದೆಲ್ಲ ಬಿಡು, ಅನಾ ವಿಷಯಕ್ಕೆ ಬಾ. ಸೆಗೋವಿಯಾ ಪ್ರಾಂತ್ಯದ ಒಯುವೆಲೋಸ್ ಅನ್ನುವ ಹಳ್ಳಿಗೆ ಲಾರಿಯಲ್ಲಿ ಸಿನಿಮಾ ಬರುತ್ತೆ. ಊರಿನವರು ಮನೆಯಿಂದ ಕುರ್ಚಿ ಹೊತ್ತು ಬರುತ್ತಾರೆ. ನಮ್ಮ ಟೂರಿಂಗ್ ಟಾಕೀಸಿನ ಕಾಲ ನೆನಪಾಗಿ ನನಗೆ ಅಲ್ಲೇ ಗಂಟಲು ಕಟ್ಟಿತ್ತು. ಹಾಕುವುದು 1931ರ ‘ಫ್ರಾಂಕೆನ್‌ಸ್ಟೈನ್’. ಆ ಹುಡುಗಿ ಅದನ್ನು ನಿಜವಾಗಿಯೂ ಅವತ್ತೇ ಮೊದಲ ಸಲ ನೋಡಿದ್ದು. ಛಾಯಾಗ್ರಾಹಕ ಲೂಯಿಸ್ ಕುವಾದ್ರಾದೊ ನೆಲದ ಮೇಲೆ ಕೂತು ಕ್ಯಾಮೆರಾ ಕೈಯಲ್ಲೇ ಹಿಡಿದು ಅವಳ ಮುಖ ಹಿಡಿದರು.

– ಅಭಿನಯ ಅಲ್ಲ ಅಂತ ಗೊತ್ತಾಗುತ್ತೆ. ಅವಳ ಬಾಯಿ ತೆರೆಯುತ್ತಲ್ಲ, ಅದು ‘ಆಕ್ಷನ್’ ಅಂದಾಗ ತೆರೆಯುವ ಬಾಯಲ್ಲ. ಆದರೆ ನನ್ನನ್ನು ಹಿಡಿದದ್ದು ಬೇರೆ. ಪರದೆಯಲ್ಲಿ ರಾಕ್ಷಸ ಕೊಳದ ಪಕ್ಕ ಹುಡುಗಿ ಜೊತೆ ಹೂವಿನ ಆಟ ಆಡ್ತಾನೆ. ಕಟ್. ಅಪ್ಪ ಮಗಳ ಹೆಣ ಹೊತ್ತು ಬೀದಿಯಲ್ಲಿ ಬರ್ತಾನೆ. ನಡುವೆ ಏನಾಯಿತು? ಆ ಶಾಟೇ ಇಲ್ಲ! ಅನಾ ಅಕ್ಕನ ಕಿವಿಯಲ್ಲಿ ಕೇಳ್ತಾಳೆ, ಅವನು ಅವಳನ್ನು ಯಾಕೆ ಕೊಂದ ಅಂತ. ಸಿನಿಮಾ ಪೂರ್ತಿ ಅವಳು ಹುಡುಕುವುದು ಆ ಒಂದು ಶಾಟನ್ನೇ.

– ಎಡಿಟರ್ ಕಣ್ಣು ಅಂದರೆ ಇದು. ಹುಡುಗಿ ಮುಳುಗುವ ಆ ಭಾಗವನ್ನು ಅಮೆರಿಕದಲ್ಲೇ ಹಲವೆಡೆ ಸೆನ್ಸಾರಿನವರು ಕತ್ತರಿಸಿದ್ದರು. ಅದು ಮರಳಿ ಸೇರಿದ್ದು ದಶಕಗಳ ನಂತರ. ಕತ್ತರಿ ಹಾಕಿದವರು ಕ್ರೌರ್ಯ ತೆಗೆದೆವು ಅಂದುಕೊಂಡರು. ಉಳಿದದ್ದು ಅದಕ್ಕಿಂತ ಭಯಂಕರವಾದ ಒಂದು ಖಾಲಿ ಜಾಗ. ಎರಿಸೆಗೆ ಆ ಖಾಲಿ ಜಾಗ ಸಾಕಾಯಿತು. 1940ರ ಸ್ಪೇನಿನಲ್ಲಿ ಮಕ್ಕಳು ಏನು ಕೇಳಿದರೂ ಮನೆಯಲ್ಲಿ ಉತ್ತರ ಇರುತ್ತಿರಲಿಲ್ಲ. ಯಾರು ಸತ್ತರು, ಯಾರು ಜೈಲಿನಲ್ಲಿದ್ದಾರೆ, ಅಮ್ಮ ಯಾರಿಗೆ ಕಾಗದ ಬರೆದು ಸೈಕಲ್ಲಿನಲ್ಲಿ ಹೋಗಿ ರೈಲಿಗೆ ಹಾಕಿ ಬರ್ತಾಳೆ, ಒಂದನ್ನೂ ಹೇಳುವವರಿಲ್ಲ.

– ಆ ಮನೆಯಲ್ಲಿ ನಾಲ್ಕು ಜನ ಇದ್ದರೂ ಒಬ್ಬರ ಮಾತು ಇನ್ನೊಬ್ಬರಿಗೆ ತಲುಪಲ್ಲ. ಬೆಳಗಿನ ತಿಂಡಿಯ ದೃಶ್ಯವನ್ನು ನಾನು ಮೂರು ಸಲ ಹಿಂದಕ್ಕೆ ಹಾಕಿ ನೋಡಿದೆ. ಕತೆ ಇಷ್ಟು: ರೈಲಿನಿಂದ ಹಾರಿ ತಲೆಮರೆಸಿಕೊಂಡವನೊಬ್ಬ ಪಾಳುಮನೆಯಲ್ಲಿದ್ದಾನೆ. ಅನಾ ಅವನಿಗೆ ಸೇಬು ಕೊಡ್ತಾಳೆ, ಅಪ್ಪನ ಕೋಟು ಕೊಡ್ತಾಳೆ. ಕೋಟಿನ ಜೇಬಿನಲ್ಲಿ ಅಪ್ಪನ ಗಡಿಯಾರ, ಮುಚ್ಚಳ ತೆಗೆದರೆ ಸಂಗೀತ ಬರುವಂಥದು. ರಾತ್ರಿ ಗುಂಡಿನ ಸದ್ದು. ಮಾರನೇ ದಿನ ಟೇಬಲ್ಲಿನಲ್ಲಿ ಅಪ್ಪ ಜೇಬಿನಿಂದ ಗಡಿಯಾರ ತೆಗೆದು ಮುಚ್ಚಳ ಬಿಚ್ಚುತ್ತಾನೆ. ಅನಾ ತಲೆ ಎತ್ತುತ್ತಾಳೆ. ಅಷ್ಟೇ, ಮಾವ! ಒಂದು ಮಾತಿಲ್ಲ. ನಾಲ್ಕು ಜನ ಒಂದೇ ಟೇಬಲ್ಲಿಗೆ ಕೂತಿದ್ದಾರೆ, ಕ್ಯಾಮೆರಾ ಮಾತ್ರ ಒಬ್ಬೊಬ್ಬರನ್ನೇ ಬೇರೆ ಬೇರೆ ತೋರಿಸುತ್ತೆ. ನಮ್ಮಲ್ಲಾದರೆ ಮೊದಲು ನಾಲ್ವರನ್ನೂ ಸೇರಿಸಿ ಒಂದು ವೈಡ್ ಶಾಟ್ ಹಾಕು ಅಂತಿದ್ದರು, ಜನಕ್ಕೆ ಗೊಂದಲ ಆಗಬಾರದು ಅಂತ.

– ಮನೆಯ ಕಿಟಕಿ ಗಾಜು ಗಮನಿಸಿದೆಯಾ? ಆರು ಮೂಲೆಯ ಚೌಕಟ್ಟು, ಜೇನಿನ ಬಣ್ಣ. ಅಪ್ಪ ಜೇನು ಸಾಕುತ್ತಾನೆ, ಮನೆಯೇ ಹುಟ್ಟಿ. ಆ ಬೆಳಕನ್ನು ಹಾಗೆ ಕೂರಿಸಿದ ಕುವಾದ್ರಾದೊಗೆ ಆ ಹೊತ್ತಿಗೆ ಕಣ್ಣು ಮಂಜಾಗುತ್ತಾ ಬಂದಿತ್ತು. ಮುಂದೆ ಪೂರ್ತಿ ಹೋಯಿತು. 1980ರಲ್ಲಿ ತೀರಿಕೊಂಡರು.

– ಇಷ್ಟೆಲ್ಲ ಸರ್ವಾಧಿಕಾರಿ ಫ್ರಾಂಕೋ ಬದುಕಿದ್ದಾಗಲೇ ತೆಗೆದದ್ದು ಅಂದ್ರೆ? ಸೆನ್ಸಾರ್ ಸುಮ್ಮನಿತ್ತಾ?

– ಫ್ರಾಂಕೋ ಸತ್ತದ್ದು 1975ರ ನವೆಂಬರಿನಲ್ಲಿ, ಚಿತ್ರ ಬಂದದ್ದು 1973ರಲ್ಲಿ. ಸೆನ್ಸಾರಿನವರ ಕೈಗೆ ಸಿಗುವಂಥ ಒಂದು ಘೋಷಣೆ ಇಲ್ಲ, ಒಂದು ಬಾವುಟ ಇಲ್ಲ. ಒಬ್ಬಳು ಹುಡುಗಿ, ಒಂದು ಭೂತ, ಒಂದಿಷ್ಟು ಜೇನುನೊಣ. ಅದೇ ವರ್ಷ ಸಾನ್ ಸೆಬಾಸ್ಟಿಯನ್ ಚಿತ್ರೋತ್ಸವದ ಮೊದಲ ಬಹುಮಾನ ಬಂತು. ಮೂಲದಲ್ಲಿ ಇದು ಮಾಮೂಲಿ ಫ್ರಾಂಕೆನ್‌ಸ್ಟೈನ್ ಚಿತ್ರ ಆಗಬೇಕಿತ್ತು, ಖರ್ಚು ಕೈಮೀರುತ್ತೆ ಅಂತ ಬಿಟ್ಟರು. ಎರಿಸೆಯ ಮೇಜಿನ ಮೇಲೆ ರಾಕ್ಷಸ ಮತ್ತು ಹುಡುಗಿ ಕೊಳದ ಬಳಿ ಇರುವ ಫೋಟೋ ಒಂದು ಇತ್ತು. ಅದನ್ನು ನೋಡ್ತಾ ನೋಡ್ತಾ ತನ್ನ ಬಾಲ್ಯಕ್ಕೆ ಹೊರಳಿದರು. ಇನ್ನೊಂದು ಸಣ್ಣ ಸಂಗತಿ. ಪಾತ್ರಗಳಿಗೆ ಬೇರೆ ಹೆಸರಿಟ್ಟಿದ್ದರಂತೆ. ನಿಜದ ಹೆಸರು ಒಂದು, ಕರೆಯೋದು ಇನ್ನೊಂದು ಆಗಿ ಅನಾಗೆ ಗಲಿಬಿಲಿ. ಹಾಗಾಗಿ ಎಲ್ಲರಿಗೂ ಅವರವರ ಹೆಸರನ್ನೇ ಉಳಿಸಿದರು. ಈ ಹೆಸರಿನ ವಿಷಯ ನೆನಪಿಟ್ಟುಕೋ, ಕೊನೆಗೆ ಬರುತ್ತೆ.

– ಸರಿ. ಎರಡನೆಯದು ‘ಎಲ್ ಸುರ್’. ಅಂದ್ರೆ ದಕ್ಷಿಣ. ಅದರಲ್ಲಿ ದಕ್ಷಿಣವೇ ಇಲ್ಲವಲ್ಲ!

– ಇಲ್ಲ. ಇರಬೇಕಿತ್ತು.

– ನನಗಂತೂ ಇಲ್ಲದ್ದೇ ಚೆಂದ ಅನಿಸಿತು. ಶುರುವಿನಲ್ಲಿ ಪರದೆ ಪೂರ್ತಿ ಕಪ್ಪು. ಒಂದು ಕಿಟಕಿ ನಿಧಾನವಾಗಿ ನೀಲಿಯಾಗುತ್ತೆ. ನಾಯಿ ಬೊಗಳುತ್ತೆ, ಎಲ್ಲೋ ಅಮ್ಮ ಅಪ್ಪನ ಹೆಸರು ಹಿಡಿದು ಕೂಗ್ತಾ ಇದ್ದಾಳೆ. ಹುಡುಗಿ ಎದ್ದು ದಿಂಬಿನ ಕೆಳಗೆ ಕೈ ಹಾಕಿದರೆ ಅಪ್ಪನ ಲೋಲಕ. ಅಪ್ಪ ಇನ್ನು ಬರಲ್ಲ ಅಂತ ಅವಳಿಗೆ ಗೊತ್ತಾಯಿತು, ನಮಗೂ ಗೊತ್ತಾಯಿತು. ಆ ಬೆಳಕು ಬರುವುದಕ್ಕೆ ಎಷ್ಟು ಹೊತ್ತು ಬಿಟ್ಟಿದ್ದಾರೆ! ಮತ್ತೆ ಆ ಸೈಕಲ್: ಮರಗಳ ಸಾಲಿನ ರಸ್ತೆಯಲ್ಲಿ ಎಂಟು ವರ್ಷದ ಹುಡುಗಿ ದೂರ ಹೋಗ್ತಾಳೆ, ನಾಯಿಮರಿ ಹಿಂದೆ ಓಡುತ್ತೆ. ಒಂದೇ ಒಂದು ಡಿಸಾಲ್ವ್. ಅದೇ ರಸ್ತೆಯಲ್ಲಿ ವಾಪಸ್ ಬರುವವಳಿಗೆ ಹದಿನೈದು. ನಾಯಿಯೂ ಬೆಳೆದಿದೆ. ಏಳು ವರ್ಷಕ್ಕೆ ಏಳು ಸೆಕೆಂಡೂ ಹಿಡಿಯಲಿಲ್ಲ. ಅಪ್ಪನ ಊರು ದಕ್ಷಿಣದಲ್ಲಿ, ಅವನು ಜಗಳವಾಡಿ ಬಿಟ್ಟುಬಂದ ಊರು. ಅವಳಿಗೆ ಅದು ಗೊತ್ತಿರುವುದು ಬಣ್ಣ ಹಚ್ಚಿದ ಪೋಸ್ಟ್‌ಕಾರ್ಡುಗಳಲ್ಲಿ ಮಾತ್ರ. ಕೊನೆಗೆ ಅವಳು ಅಲ್ಲಿಗೆ ಹೊರಡುವಾಗ ಚಿತ್ರ ಮುಗಿಯುತ್ತೆ. ಅಲ್ಲಿ ಮುಗಿಸದೆ ಇನ್ನೆಲ್ಲಿ ಮುಗಿಸಬೇಕು?

– ಮುಗಿಸಿದ್ದಲ್ಲ, ನಿಲ್ಲಿಸಿದ್ದು. ಅದೆಲಾಯ್ದಾ ಗಾರ್ಸಿಯಾ ಮೊರಾಲೆಸ್ ಬರೆದ ಕತೆ. ಹುಡುಗಿ ದಕ್ಷಿಣಕ್ಕೆ ಹೋಗುತ್ತಾಳೆ, ಅಪ್ಪ ಬಿಟ್ಟುಬಂದದ್ದನ್ನು ಕಾಣುತ್ತಾಳೆ. ಚಿತ್ರಕತೆಯಲ್ಲೂ ಅದು ಇತ್ತು, ದಕ್ಷಿಣದ ಕಾರ್ಮೋನಾದಲ್ಲಿ ಚಿತ್ರೀಕರಣ ನಡೆಯಬೇಕಿತ್ತು. ಉತ್ತರದ ಭಾಗ ಮುಗಿದ ಮೇಲೆ ನಿರ್ಮಾಪಕ ಎಲಿಯಾಸ್ ಕೆರೆಹೆತಾ ಕೆಲಸ ನಿಲ್ಲಿಸಿದರು. ದುಡ್ಡಿನ ಕಾರಣ ಕೊಟ್ಟರು. ‘ಬೀಹೈವ್’ಗೂ ಅವರೇ ನಿರ್ಮಾಪಕರು ಅನ್ನುವುದನ್ನು ಮರೆಯಬಾರದು. ಅವರಿಲ್ಲದಿದ್ದರೆ ಅದೂ ಇರುತ್ತಿರಲಿಲ್ಲ. ಇದ್ದಷ್ಟನ್ನೇ ಜೋಡಿಸಿ 1983ರಲ್ಲಿ ಕಾನ್ ಚಿತ್ರೋತ್ಸವಕ್ಕೆ ಕಳಿಸಿದರು. ಲೋಕ ಮೆಚ್ಚಿತು. ನಿರ್ದೇಶಕರು ಮಾತ್ರ ಇದು ಅರ್ಧ ಚಿತ್ರ ಅಂತಲೇ ಹೇಳುತ್ತಾ ಬಂದರು.

– ಅವರು ಹಾಗೆ ಹೇಳಬಹುದು. ನೋಡುವವಳಿಗೆ ಅದು ಪೂರ್ತಿಯಾಗೇ ಇದೆ. ಕಾಣದಿರುವುದರಿಂದಲೇ ದಕ್ಷಿಣ ಅಷ್ಟು ದೊಡ್ಡದಾಗಿದೆ.

– ಹೌದಾ? ನಿನ್ನ ಕೆರೆಯ ಸಾಕ್ಷ್ಯಚಿತ್ರ ಏನಾಯಿತು?

– ಅದನ್ನು ಯಾಕೆ ಎತ್ತುತ್ತೀರಿ?

– ಹೇಳು.

– ಹನ್ನೊಂದು ತಿಂಗಳು ಕೂತು ಕಟ್ ಮಾಡಿದೆ. ಇನ್ನು ಮಳೆಗಾಲದ ಶೂಟಿಂಗ್ ಒಂದು ಬಾಕಿ ಇತ್ತು. ದುಡ್ಡು ಹಾಕುತ್ತಿದ್ದವರು ಒಂದು ದಿನ ಹುಡುಗನನ್ನು ಕಳಿಸಿ ಹಾರ್ಡ್‌ಡಿಸ್ಕ್ ತರಿಸಿಕೊಂಡರು. ಅಷ್ಟೇ. ಒಣಗಿದ ಕೆರೆ ತುಂಬುವುದನ್ನು ತೋರಿಸಬೇಕಾದ ಚಿತ್ರ ಮಳೆಯೇ ಇಲ್ಲದೆ ಎಲ್ಲೋ ಒಂದು ಬೀರುವಿನಲ್ಲಿ ಬಿದ್ದಿದೆ.

– ಯಾರಾದರೂ ಬಂದು, ಮಳೆ ಇಲ್ಲದ್ದೇ ಎಷ್ಟು ಕಾವ್ಯಮಯ ಅಂದರೆ?

– ಕೆನ್ನೆಗೆ ಬಾರಿಸ್ತೀನಿ.

– ಅಷ್ಟೇ ನಾನು ಹೇಳುತ್ತಿರುವುದು. ‘ಎಲ್ ಸುರ್’ ಸುಂದರವಾಗಿದೆ, ಒಪ್ಪಿದೆ. ನಲವತ್ತು ವರ್ಷದಿಂದ ನಾನೂ ಅದನ್ನು ಹಾಗೇ ಹೊಗಳಿಕೊಂಡು ಬಂದವನು. ಆದರೆ ಕೈ ಕಡಿಸಿಕೊಂಡವನ ಎದುರು ನಿಂತು, ಒಂದೇ ಕೈಯಲ್ಲಿ ಎಷ್ಟು ಚೆನ್ನಾಗಿ ನೇಯುತ್ತೀಯ ಅನ್ನುವುದಿದೆಯಲ್ಲ, ಅದು ನಮ್ಮಂಥ ರಸಿಕರಿಗೆ ಸುಲಭ.

– ಹಾಗಾದರೆ ಸ್ವತಂತ್ರ ನಿರ್ದೇಶಕ ಅಂತೀರಲ್ಲ, ಯಾವ ಸ್ವಾತಂತ್ರ್ಯ ಅದು? ಅವರ ಚಿತ್ರವನ್ನು ಇನ್ನೊಬ್ಬರು ನಿಲ್ಲಿಸಬಹುದಾದರೆ?

– ಅದಕ್ಕೆ ಮೂರನೆಯದು ಉತ್ತರ. ಒಂಬತ್ತು ವರ್ಷ ಬಿಟ್ಟು ಬಂದದ್ದು. ಚಿತ್ರಕತೆ ಇಲ್ಲ, ನಟರಿಲ್ಲ, ದೊಡ್ಡ ಕಂಪನಿ ಇಲ್ಲ. ಮ್ಯಾಡ್ರಿಡ್‌ನಲ್ಲಿ ಅಂತೋನಿಯೋ ಲೋಪೆಸ್ ಅನ್ನುವ ಚಿತ್ರಕಾರರು. ತಮ್ಮ ಹಿತ್ತಲಿನಲ್ಲಿ ನೆಟ್ಟ ಒಂದು ಮೆಂಬ್ರಿಯೋ ಗಿಡ ಬರೆಯಲು ಕೂರುತ್ತಾರೆ, 1990ರ ಶರತ್ಕಾಲದಲ್ಲಿ. ಅದು ಸೇಬಿನ ಬಳಗದ ಹಣ್ಣು, ಹಳದಿ, ಗಟ್ಟಿ. ಅವರ ಹೆಂಡತಿ ಮಾರಿಯಾ ಮೊರೆನೋ ಸ್ವತಃ ಚಿತ್ರಕಾರ್ತಿ, ಅವರೇ ನಿರ್ಮಾಪಕಿ. ‘ದಿ ಕ್ವಿನ್ಸ್ ಟ್ರೀ ಸನ್’ ಅಂತ ಹೊರಗೆ ಹೆಸರು. ಗಿಡ, ಕುಂಚ, ಬಿಸಿಲು. ಎರಡು ಗಂಟೆಗೂ ಮೀರಿದ ಚಿತ್ರ.

– ಅಯ್ಯೋ. ಬಣ್ಣ ಒಣಗುವುದನ್ನು ಕಾಯುತ್ತಾ ಕೂರುವುದಾ?

– ಒಣಗುವುದಕ್ಕೂ ಬಿಡುವುದಿಲ್ಲ ಆ ಹವಾಮಾನ! ಕೇಳು. ಲೋಪೆಸ್ ಮೊದಲು ತಾನು ನಿಲ್ಲುವ ಜಾಗಕ್ಕೆ ನೆಲದಲ್ಲಿ ಮೊಳೆ ಹೊಡೆಯುತ್ತಾರೆ, ದಿನಾ ಪಾದ ಅಲ್ಲೇ ಇರಬೇಕು. ಗಿಡದ ಎದುರು ದಾರ ಕಟ್ಟಿ ತೂಗುಗುಂಡು ಇಳಿಬಿಡುತ್ತಾರೆ, ನಮ್ಮ ಗಾರೆ ಕೆಲಸದವರು ಗೋಡೆ ನೆಟ್ಟಗಿದೆಯಾ ನೋಡಲು ಬಿಡುವಂಥದ್ದೇ. ಆಮೇಲೆ ಎಲೆಯ ಮೇಲೆ, ಹಣ್ಣಿನ ಮೇಲೆ ಬಿಳಿ ಬಣ್ಣದಲ್ಲಿ ಸಣ್ಣ ಗೀಟು. ಹಣ್ಣು ಮಾಗುತ್ತೆ, ಭಾರವಾಗುತ್ತೆ, ಕೊಂಬೆ ಬಾಗುತ್ತೆ. ಗೀಟು ಕೆಳಗಿಳಿಯುತ್ತೆ. ಮತ್ತೆ ಹೊಸ ಗೀಟು. ಒಂದು ಸಲ ಗೆಳೆಯನೊಬ್ಬ ಕೋಲಿನಲ್ಲಿ ಎಲೆಯನ್ನು ಎತ್ತಿ ಹಿಡಿದು ನಿಲ್ಲುತ್ತಾನೆ, ಇವರು ಬರೆಯುವಷ್ಟು ಹೊತ್ತು. ಮಳೆ ಬರುತ್ತೆ, ಗಿಡಕ್ಕೆ ಪ್ಲಾಸ್ಟಿಕ್ ಡೇರೆ ಹಾಕುತ್ತಾರೆ. ಬೇಕಾದ ಬಿಸಿಲು ಬರುವುದೇ ಇಲ್ಲ. ತೈಲಚಿತ್ರ ಕೈಬಿಟ್ಟು ಪೆನ್ಸಿಲ್ ಹಿಡಿಯುತ್ತಾರೆ. ಕೊನೆಗೆ ಹಣ್ಣೇ ಉದುರಲು ಶುರುವಾಗುತ್ತೆ. ಅದನ್ನೂ ಬಿಡುತ್ತಾರೆ.

– ಅಂದ್ರೆ ಇದೂ ಮುಗಿಯಲಿಲ್ಲ!

– ಚಿತ್ರಪಟ ಮುಗಿಯಲಿಲ್ಲ, ಸಿನಿಮಾ ಮುಗಿಯಿತು. 1992ರಲ್ಲಿ ಕಾನ್‌ನಲ್ಲಿ ಜ್ಯೂರಿ ಬಹುಮಾನವೂ ಬಂತು. ಈ ಸಲ ನಿಲ್ಲಿಸಿದ್ದು ನಿರ್ಮಾಪಕರಲ್ಲ, ಋತು. ಆ ಮುದುಕ ಒಂದು ಸಲವೂ ಸಿಡುಕುವುದಿಲ್ಲ, ಕ್ಯಾನ್‌ವಾಸ್ ಎತ್ತಿ ನೆಲಮಾಳಿಗೆಯಲ್ಲಿ ಇಡುತ್ತಾನೆ ಅಷ್ಟೆ. ನನ್ನನ್ನು ಕೇಳಿದರೆ ನಾಲ್ಕರಲ್ಲಿ ಇದೇ ಮೇಲು. ವಿಮರ್ಶಕರು ‘ಬೀಹೈವ್’ ಅನ್ನುತ್ತಾರೆ, ಅನ್ನಲಿ.

– ಮುದುಕ ಅಂದಿರಿ. ಆಗ ಅವರಿಗೆ ಐವತ್ತೈದೂ ಆಗಿರಲಿಲ್ಲ.

– ಹೌದೇ? ನನಗೀಗ ಎಪ್ಪತ್ತಾದದ್ದಕ್ಕೆ ಎಲ್ಲರೂ ಮುದುಕರಾಗಿ ಕಾಣುತ್ತಾರೆ.

– ಆಮೇಲೆ ಮೂವತ್ತೊಂದು ವರ್ಷ ಏನು ಮಾಡಿದರು? ಸುಮ್ಮನೆ ಕೂತಿದ್ದರಾ?

– ಕೂತದ್ದು ಕಡಿಮೆ. ಹುವಾನ್ ಮಾರ್ಸೆಯ ಶಾಂಘೈ ಕಾದಂಬರಿಗೆ ಚಿತ್ರಕತೆ ಬರೆದು ವರ್ಷಗಳನ್ನು ಕಳೆದರು, ನಿರ್ಮಾಪಕರು ಒಪ್ಪಲಿಲ್ಲ. ಅದು ಫರ್ನಾಂಡೋ ತ್ರುಯೆಬಾ ಕೈಗೆ ಹೋಗಿ 2002ರಲ್ಲಿ ಬೇರೆಯೇ ಚಿತ್ರವಾಗಿ ಬಂತು. ಎರಿಸೆ ತಮ್ಮ ಚಿತ್ರಕತೆಯನ್ನು ಪುಸ್ತಕವಾಗಿ ಅಚ್ಚು ಹಾಕಿಸಿದರು. ಕಿರುಚಿತ್ರ ಮಾಡಿದರು. ಇರಾನಿನ ಅಬ್ಬಾಸ್ ಕಿಯಾರೊಸ್ತಮಿ ಗೊತ್ತಲ್ಲ, ಇಬ್ಬರೂ ಹುಟ್ಟಿದ್ದು 1940ರ ಜೂನ್‌ನಲ್ಲಿ, ಎಂಟು ದಿನದ ಅಂತರ. ಇಬ್ಬರೂ ಒಬ್ಬರಿಗೊಬ್ಬರು ವಿಡಿಯೋದಲ್ಲೇ ಪತ್ರ ಬರೆದುಕೊಂಡರು, 2006ರಲ್ಲಿ ಬಾರ್ಸಿಲೋನಾದಲ್ಲಿ ಅವು ಪ್ರದರ್ಶನಕ್ಕೆ ಬಂದವು. ಒಂದರಲ್ಲಿ ಎರಿಸೆ ಸ್ಪೇನಿನ ಹಳ್ಳಿ ಶಾಲೆಯ ಮಕ್ಕಳಿಗೆ ಕಿಯಾರೊಸ್ತಮಿಯ ಚಿತ್ರ ತೋರಿಸುತ್ತಾರೆ. ಕಿಯಾರೊಸ್ತಮಿ ಮಾರುತ್ತರವಾಗಿ ಕಳಿಸಿದ ಒಂದರಲ್ಲಿ ಮೆಂಬ್ರಿಯೋ ಹಣ್ಣೊಂದು ತೊರೆಗೆ ಬಿದ್ದು ತೇಲಿಕೊಂಡು ಹೋಗುತ್ತೆ.

– ಅದು ಚೆನ್ನಾಗಿದೆ. ಲೋಪೆಸ್ ಹಿತ್ತಲಿನಲ್ಲಿ ಉದುರಿದ್ದು ಇರಾನಿನಲ್ಲಿ ತೇಲಿತು. ಇನ್ನು ನಾಲ್ಕನೆಯದು, ‘ಕ್ಲೋಸ್ ಯುವರ್ ಐಸ್’. ಅದನ್ನು ಹೋದ ವರ್ಷವೇ ನೋಡಿದ್ದೆ, ಇದೆಲ್ಲ ಗೊತ್ತಿಲ್ಲದೆ. ಸುಮಾರು ಮೂರು ಗಂಟೆ, ಬರೀ ಮಾತು ಅಂತ ಬೈದುಕೊಂಡಿದ್ದೆ.

– ಈಗ ಗೊತ್ತಾದ ಮೇಲೆ?

– ಈಗ ಬೇರೆ ಥರ ಕಾಣ್ತಿದೆ, ತಡೀರಿ. ಕತೆ ಶುರುವಾಗುವುದೇ ಮುಗಿಯದ ಸಿನಿಮಾದಿಂದ! ಚಿತ್ರೀಕರಣದ ನಡುವೆ ನಾಯಕನಟ ಕಾಣೆಯಾಗ್ತಾನೆ, ಸಿನಿಮಾ ನಿಲ್ಲುತ್ತೆ, ನಿರ್ದೇಶಕ ಮತ್ತೆ ಸಿನಿಮಾ ಮಾಡುವುದೇ ಇಲ್ಲ. ಆ ಅರ್ಧ ಸಿನಿಮಾದೊಳಗೆ ಒಬ್ಬ ಮುದುಕ ಶಾಂಘೈನಲ್ಲಿರುವ ತನ್ನ ಮಗಳನ್ನು ಹುಡುಕಿ ತಾ ಅಂತಾನೆ. ಶಾಂಘೈ! ಮತ್ತೆ ಆ ನಿರ್ದೇಶಕ ಈಗ ವಾಸವಾಗಿರುವುದು ದಕ್ಷಿಣದ ಕಡಲ ತೀರದಲ್ಲಿ, ಮೀನು ಹಿಡಿದುಕೊಂಡು.

– ಅಲ್ಮೆರಿಯಾ ಕಡೆ. 1983ರಲ್ಲಿ ಹೋಗಲು ಬಿಡಲಿಲ್ಲವಲ್ಲ, 2023ರಲ್ಲಿ ಅಲ್ಲೇ ಮನೆ ಮಾಡಿಸಿದರು. ಕೈಬಿಟ್ಟುಹೋದದ್ದು ಯಾವುದೂ ಅವರಿಂದ ಹೋಗಿಲ್ಲ, ತಡವಾಗಿ ಬೇರೆ ಬಾಗಿಲಿಂದ ಒಳಗೆ ಬಂದಿದೆ. ಹೆಸರಿನ ವಿಷಯ ನೆನಪಿಟ್ಟುಕೋ ಅಂದಿದ್ದೆನಲ್ಲ?

– ಕಾಣೆಯಾದ ನಟನ ಮಗಳು ಅನಾ. ಅದು ಅದೇ ಅನಾ ತೊರೆಂಟ್! ಅಪ್ಪ ಸಿಗ್ತಾನೆ, ನೆನಪಿನ ಶಕ್ತಿ ಹೋಗಿದೆ, ಇವಳ ಗುರುತು ಹತ್ತಲ್ಲ. ಅವಳು ಕಣ್ಣು ಮುಚ್ಚಿ ತನ್ನ ಹೆಸರು ಹೇಳ್ತಾಳೆ. ನಿನ್ನೆ ರಾತ್ರಿ ‘ಬೀಹೈವ್’ ಕೊನೆಯಲ್ಲಿ ಕಿಟಕಿ ಪಕ್ಕ ಆ ಪುಟ್ಟ ಹುಡುಗಿ ಕಣ್ಣು ಮುಚ್ಚಿದಾಗ, ಎಲ್ಲಿ ನೋಡಿದ್ದೆ ಅಂತ ಯೋಚಿಸ್ತಾನೇ ಇದ್ದೆ. ನನಗೆ ಅದು ಹಿಂದುಮುಂದಾಗಿ ಬಂತು, ಮಾವ. ಐವತ್ತು ವರ್ಷದ ಡಿಸಾಲ್ವ್.

– ಅಷ್ಟು ದೊಡ್ಡ ಕೆಲಸವನ್ನು ಕಾನ್‌ನಲ್ಲಿ ಸ್ಪರ್ಧೆಯ ಹೊರಗೆ ಇಟ್ಟರು. ಎರಿಸೆ ಹೋಗಲೇ ಇಲ್ಲ. ಚಿತ್ರವನ್ನು ಎಲ್ಲಿ ಹಾಕುತ್ತೇವೆ ಅಂತ ಸಕಾಲಕ್ಕೆ ತಿಳಿಸಲಿಲ್ಲ ಅಂತ ಪತ್ರಿಕೆಗೆ ಬಹಿರಂಗ ಪತ್ರ ಬರೆದರು. ಎಂಬತ್ತೆರಡು ವರ್ಷದ ಮನುಷ್ಯನ ಸಿಟ್ಟು. ಕೆಲವರಿಗೆ ಅದು ಅತಿ ಅನಿಸಿತು. ನನಗೆ ಅನಿಸಲಿಲ್ಲ.

– ನನಗೂ ಇಲ್ಲ. ಲೋಪೆಸ್ ಥರ ಸಿಡುಕದೆ ಇರೋಕೆ ಎಲ್ಲರಿಗೂ ಆಗಲ್ಲ. ಸಿಡುಕಬೇಕು. ನಾಳೆ ಆ ಹಾರ್ಡ್‌ಡಿಸ್ಕಿನವರಿಗೆ ಫೋನ್ ಮಾಡ್ತೀನಿ.

– ಮಾಡು. ಅದಕ್ಕೆ ಮುಂಚೆ ಅರ್ಧ ಗಂಟೆ ಇದ್ದರೆ ‘ಲಾ ಮೊರ್ತ್ ರೂಜ್’ ನೋಡು, 2006ರದ್ದು. ತಾವು ಮೊದಲು ನೋಡಿದ ಸಿನಿಮಾ ಯಾವುದು ಅಂತ ಎರಿಸೆ ತಮ್ಮ ದನಿಯಲ್ಲೇ ಹೇಳುತ್ತಾರೆ. ಐದು ವರ್ಷದ ಹುಡುಗ ಅಕ್ಕನ ಕೈ ಹಿಡಿದು ಸಾನ್ ಸೆಬಾಸ್ಟಿಯನ್‌ನ ಕುರ್ಸಾಲ್ ಎಂಬ ಚಿತ್ರಮಂದಿರದಲ್ಲಿ ಷರ್ಲಾಕ್ ಹೋಮ್ಸ್ ಚಿತ್ರ ನೋಡುತ್ತಾನೆ, ‘ದಿ ಸ್ಕಾರ್ಲೆಟ್ ಕ್ಲಾ’. ಅದರಲ್ಲಿ ಕೊಲೆಗಾರ ಊರಿನ ಪೋಸ್ಟ್‌ಮ್ಯಾನ್. ಪರದೆಯ ಮೇಲೆ ಜನ ಸಾಯುತ್ತಿದ್ದರೂ ದೊಡ್ಡವರು ಯಾಕೆ ಏಳದೆ ಕೂತಿದ್ದಾರೆ ಅಂತ ಹುಡುಗನಿಗೆ ತಿಳಿಯಲಿಲ್ಲ. ಆಮೇಲೆ ಮನೆಗೆ ಕಾಗದ ತರುವ ಪೋಸ್ಟ್‌ಮ್ಯಾನ್ ಬಂದರೂ ನಡುಕ. ಅಕ್ಕ ಅದನ್ನೇ ಹಿಡಿದು ಇನ್ನಷ್ಟು ಹೆದರಿಸುತ್ತಿದ್ದಳು.

– ‘ಬೀಹೈವ್’ನ ಅಕ್ಕನ ಹಾಗೇ! ಆ ಕುರ್ಸಾಲ್ ಈಗಲೂ ಇದೆಯಾ?

– ಹಳೆಯದನ್ನು ಕೆಡವಿದರು. ಬಹಳ ಕಾಲ ಅದು ಖಾಲಿ ಜಾಗವಾಗಿತ್ತು. 1999ರಲ್ಲಿ ಅಲ್ಲೇ ಗಾಜಿನ ಹೊಸ ಕಟ್ಟಡ ಎದ್ದಿತು, ಹೆಸರು ಅದೇ, ಕುರ್ಸಾಲ್. ಸಾನ್ ಸೆಬಾಸ್ಟಿಯನ್ ಚಿತ್ರೋತ್ಸವದ ದೊಡ್ಡ ಪರದೆ ಈಗ ಅಲ್ಲಿದೆ.